ಸ್ವಿಚ್ಚು ಕೊಟ್ಟ ಮೇಷ್ಟ್ರು

ಜೂನ್ ಒಂಬತ್ತು, ಬೆಳಿಗ್ಗೆ ಏಳೂ ಕಾಲು, ಮಾಲೂರು.

ಮೇಷ್ಟ್ರು ತೀರಿಕೊಂಡು ಹನ್ನೆರಡು ದಿನವಾಯಿತು. ಮುಳಬಾಗಿಲಿನ ಅವರ ಅಂಗಡಿಯ ಶಟರಿನ ಮೇಲೆ ಶ್ರದ್ಧಾಂಜಲಿಯ ಪೋಸ್ಟರ್ ಅಂಟಿಸಿದ್ದಾರೆ. 'ನಾಟಕದ ಮೇಷ್ಟ್ರು, ಮದುವೆ ವಿಡಿಯೋಗ್ರಾಫರ್' ಎಂದು ಅದರಲ್ಲಿದೆ. ಎರಡೂ ನಿಜ. ಮೂರನೆಯ ಕಸುಬೊಂದಿತ್ತು, ಅದನ್ನು ಪೋಸ್ಟರಿಗೆ ಹಾಕುವಂತಿಲ್ಲ. ಬೆಂಗಳೂರಿನವನೊಬ್ಬ ನಡೆಸುತ್ತಿದ್ದ ಮೊಬೈಲ್ ಆ್ಯಪಿಗೆ ಅವರು ಗೇ ವಯಸ್ಕರ ಚಿತ್ರಗಳನ್ನು ತೆಗೆಯುತ್ತಿದ್ದರು. ಅವುಗಳಲ್ಲಿ ಒಂಬತ್ತಕ್ಕೆ ನಾನು ಕೆಲಸ ಮಾಡಿದ್ದೇನೆ.

ನನ್ನ ಕೆಲಸ ಶಾಟಿನಿಂದ ಶಾಟಿಗೆ ಹೊಂದಾಣಿಕೆ ನೋಡುವುದು. ಹಿಂದಿನ ಶಾಟಿನಲ್ಲಿ ಅಂಗಿಯ ಎಷ್ಟು ಗುಂಡಿ ಬಿಚ್ಚಿತ್ತು, ಲೋಟದಲ್ಲಿ ಟೀ ಎಲ್ಲಿಯವರೆಗೆ ಇತ್ತು, ವಾಚು ಯಾವ ಕೈಯಲ್ಲಿತ್ತು ಎಂದು ಬರೆದಿಡಬೇಕು. ಹೈಸ್ಕೂಲಿನಿಂದಲೂ ದಿನಚರಿ ಬರೆಯುವ ನನಗೆ ಇದು ಕಷ್ಟವಾಗಲಿಲ್ಲ. ಮೇಷ್ಟ್ರು ನನ್ನನ್ನು 'ಲೆಕ್ಕದಯ್ಯ' ಎಂದು ಕರೆಯುತ್ತಿದ್ದರು. ಮದುವೆ ವಿಡಿಯೋಗಳ ಎಡಿಟಿಂಗಿಗೆಂದು ಅವರ ಅಂಗಡಿ ಸೇರಿದ ಮೂರನೆಯ ತಿಂಗಳು, ಒಂದು ಮಧ್ಯಾಹ್ನ ಪರದೆಯಿಂದ ಕಣ್ಣು ತೆಗೆಯದೆ ಕೇಳಿದ್ದರು: "ನೀನೂ ನಮ್ಮಂಥವನೇ ಅಲ್ವೇನೋ?"

ಹೌದು ಎಂದೆ. 'ನಮ್ಮ' ಎಂದರೆ ಯಾರ್ಯಾರು ಎಂದು ನಾನು ಕೇಳಲಿಲ್ಲ, ಅವರೂ ಹೇಳಲಿಲ್ಲ. ಅವರ ಮನೆಯಲ್ಲಿ ಹೆಂಡತಿ ಇದ್ದರು, ಇಬ್ಬರೂ ಅನ್ಯೋನ್ಯವಾಗಿಯೇ ಇದ್ದರು. ಆ ಒಂದು ಪದದಲ್ಲಿ ಮೇಷ್ಟ್ರು ತಾವೂ ಇದ್ದರೋ, ನನ್ನನ್ನು ಕೆಲಸಕ್ಕೆ ಎಳೆಯಲು ಅದನ್ನು ಬಳಸಿದರೋ, ನನಗೆ ಇಂದಿಗೂ ಅನುಮಾನ. ಅವರ ಬಗ್ಗೆ ನನಗೆ ಅನುಮಾನವಿಲ್ಲದ ಸಂಗತಿ ಬಹಳ ಕಡಿಮೆ. ಒಳ್ಳೆಯ ಕೆಲಸಗಾರ ಎಂಬುದು ಅವುಗಳಲ್ಲಿ ಒಂದು.

ಸಣ್ಣ ಆಳು. ಹೆಗಲ ಮೇಲೆ ಟವೆಲ್. ಶೂಟಿಂಗ್ ಶುರುವಾಗುವ ಮುಂಚೆ ಅದನ್ನು ಅಡುಗೆಭಟ್ಟರ ಹಾಗೆ ಸೊಂಟಕ್ಕೆ ಬಿಗಿಯುತ್ತಿದ್ದರು. ಡೈಲಾಗ್ ಕೇಳುವಾಗ ಕಣ್ಣು ಮುಚ್ಚಿ, ತೊಡೆಯ ಮೇಲೆ ಬೆರಳಾಡಿಸುತ್ತಿದ್ದರು. ಹಾರ್ಮೋನಿಯಂ ಮುಂದೆ ಕೂತು ಹಳ್ಳಿಯವರಿಗೆ ನಾಟಕ ಕಲಿಸಿದ ಬೆರಳುಗಳು. ಆವನಿಯ ಕಡೆಯ ಎಷ್ಟೋ ಊರುಗಳಲ್ಲಿ ರಾಜನ ಪಾರ್ಟು ಮಾಡಿದವರೆಲ್ಲ ಅವರ ಶಿಷ್ಯರೇ. ಆ ನಾಟಕಗಳಲ್ಲಿ ಪಾರ್ಟಿಗೆ ಪಾತ್ರಧಾರಿಯೇ ದುಡ್ಡು ಕೊಡಬೇಕು. ರಾಜನ ಪಾರ್ಟಿಗೆ ಹೆಚ್ಚು, ದೂತನದಕ್ಕೆ ಕಡಿಮೆ. ಊರಿನಲ್ಲಿ ಯಾರು ದೊಡ್ಡವರೋ ಅವರೇ ರಂಗದ ಮೇಲೂ ರಾಜ.

"ಇಪ್ಪತ್ತೈದು ವರ್ಷ ಗೌಡ್ರನ್ನ ರಾಜ್ರು ಮಾಡಿ ಸಾಕಾಯ್ತು ಕಣಯ್ಯ. ಅವ್ನು ಮನೇಲೂ ಅದ್ನೇ ಮಾಡ್ತಾನೆ. ಅದ್ರಾಗೆ ಆಕ್ಟಿಂಗ್ ಎಲ್ಲೈತೆ?" ಎನ್ನುತ್ತಿದ್ದರು.

ಆದ್ದರಿಂದ ತಮ್ಮ ಚಿತ್ರಗಳಲ್ಲಿ ಅವರು ಎಲ್ಲವನ್ನೂ ತಿರುಗಿಸಿದ್ದರು. ಜೀವನದಲ್ಲಿ ಇನ್ನೊಬ್ಬರಿಗೆ ಕೆಲಸ ಹೇಳುವವನಿಗೆ ಆಳಿನ ಪಾರ್ಟು, ಕೆಲಸ ಹೇಳಿಸಿಕೊಳ್ಳುವವನಿಗೆ ಧಣಿಯ ಪಾರ್ಟು. ಸಂಭಾವನೆಯೂ ಹಾಗೆಯೇ: ಕೆಳಗಿನ ಪಾರ್ಟು ಮಾಡುವವನಿಗೆ ಜಾಸ್ತಿ. ಹೊಸಬರನ್ನು ಆರಿಸುವಾಗ ಬೇಕರಿಗೆ ಕರೆದೊಯ್ದು ಸುಮ್ಮನೆ ಕೂರುತ್ತಿದ್ದರು. ಮೇಜಿನ ಮೇಲೆ ನೀರಿನ ಜಗ್ಗು ಇರುತ್ತಿರಲಿಲ್ಲ. "ಯಾವನು ನೀರು ತರೋಕೆ ಏಳ್ತಾನೆ ನೋಡ್ತಿರು" ಎಂದು ನನ್ನ ಕಿವಿಯಲ್ಲಿ ಹೇಳುತ್ತಿದ್ದರು. ಎದ್ದವನು ಧಣಿ.

ಮೊದಮೊದಲು ಇದನ್ನು ನಾನು ಮೆಚ್ಚಿಕೊಂಡಿದ್ದೆ. ಆಮೇಲೆ ಬೇರೆ ಯೋಚನೆಯೂ ಬಂತು. ಹೆಚ್ಚು ದುಡ್ಡು ಪಡೆದವನಿಗೆ 'ನನಗೆ ಆಗಲ್ಲ' ಎನ್ನುವುದು ಹೆಚ್ಚು ಕಷ್ಟ. ಶೂಟಿಂಗ್ ದಿನ ಎಲ್ಲರ ಫೋನುಗಳನ್ನೂ ಕಡ್ಲೆಪುರಿ ಡಬ್ಬಕ್ಕೆ ಹಾಕಿ ಮುಚ್ಚಳ ಬಿಗಿಯುತ್ತಿದ್ದರು. ಯಾರೂ ಕದ್ದು ವಿಡಿಯೋ ಮಾಡಬಾರದು ಎಂದು. ಸರಿ. ಆದರೆ ಯಾರೂ ಯಾರಿಗೂ ಫೋನು ಮಾಡುವಂತೆಯೂ ಇರಲಿಲ್ಲ.

ಆ್ಯಪಿನವನಿಗೂ ಅವರಿಗೂ ಕಥೆಯ ವಿಷಯಕ್ಕೆ ಸದಾ ಜಗಳ. ಕಥೆ ಎರಡು ನಿಮಿಷ ಮೀರಬಾರದು, ನೋಡುವವರು ಮುಂದಕ್ಕೆ ಓಡಿಸುತ್ತಾರೆ ಎಂದು ಅವನ ವಾದ. "ಕಥೆ ಇಲ್ದಿದ್ರೆ ಅದು ಕುಸ್ತಿ" ಎಂದು ಇವರು. ಬಟ್ಟೆ ಬಿಚ್ಚೋದನ್ನ ಯಾವನ್ ಬೇಕಾದ್ರೂ ತೆಗೀತಾನೆ, ದರ್ಪ ಬಿಚ್ಚೋದನ್ನ ತೆಗೀಬೇಕು ಎಂಬುದು ಅವರ ಮಾತು. ಪ್ರತಿ ಚಿತ್ರದಲ್ಲೂ ಒಂದು ಕುರ್ಚಿ ಇರಲೇಬೇಕಿತ್ತು. ಆ ಕುರ್ಚಿಯಲ್ಲಿ ಮೊದಲು ಒಬ್ಬ ಕೂತಿರುತ್ತಾನೆ, ಕೊನೆಗೆ ಇನ್ನೊಬ್ಬ. ಅದು ಯಾವಾಗ, ಯಾಕೆ ಕೈ ಬದಲಾಯಿತು ಎಂಬುದೇ ಅವರ ಸಿನಿಮಾ.

ಈಗ ಸ್ವಿಚ್ಚಿನ ವಿಷಯ. ಅವರ ಶೂಟಿಂಗಿನಲ್ಲಿ 'ಕಟ್' ಹೇಳುವ ಹಕ್ಕು ಕೆಳಗಿನ ಪಾರ್ಟಿನವನದು. ಹಳೆಯ ಮನೆಗಳಲ್ಲಿ ಮಂಚದ ಪಕ್ಕ ತೂಗಾಡುತ್ತಿದ್ದ ಸೀಬೆಕಾಯಿ ಆಕಾರದ ಬೆಡ್ ಸ್ವಿಚ್ಚನ್ನು ಉದ್ದ ವೈರಿಗೆ ಕಟ್ಟಿ ಅವನ ಕೈಗೆ ಕೊಡುತ್ತಿದ್ದರು. ಲೈಟುಗಳ ಕರೆಂಟು ಅದರ ಮೂಲಕವೇ ಹಾಯಬೇಕು. ಒತ್ತಿದರೆ ಕತ್ತಲೆ. ಕತ್ತಲೆಯಲ್ಲಿ ಕ್ಯಾಮೆರಾಗೆ ಕೆಲಸವಿಲ್ಲ.

"ನಮ್ ಕಥೇನಾಗೆ ಬಾಯಿ ಮಾತು ನಂಬೋ ಹಂಗಿಲ್ಲ," ಎಂದು ಪ್ರತಿಯೊಬ್ಬ ಹೊಸಬನಿಗೂ ವಿವರಿಸುತ್ತಿದ್ದರು. "'ಬಿಡಿ ಧಣಿ' ಅನ್ನೋದು ಡೈಲಾಗು. ನಿಜವಾಗ್ಲೂ ಬಿಡ್ಬೇಕು ಅಂದ್ರೆ ಏನಂತ ಹೇಳ್ತೀಯ? ಅದಕ್ಕೇ ಇದು. ಒತ್ತು. ಯಾಕೆ ಅಂತ ಯಾವನೂ ಕೇಳಲ್ಲ."

ಕೇಳುತ್ತಲೂ ಇರಲಿಲ್ಲ. ಒಬ್ಬ ಮೂಗಿನ ಸೀನು ತಡೆಯಲಾರದೆ ಒತ್ತಿದ್ದಾನೆ, ಇನ್ನೊಬ್ಬ ಊರಿನ ನೆನಪಾಯಿತೆಂದು ಒತ್ತಿದ್ದಾನೆ. ಮೇಷ್ಟ್ರು ಕತ್ತಲೆಯಲ್ಲೇ "ಟೀ ಕುಡಿಯೋಣ ಬನ್ರಪ್ಪ" ಎನ್ನುತ್ತಿದ್ದರು.

ಒಂಬತ್ತನೆಯ ಚಿತ್ರ ತೆಗೆದದ್ದು ರಾಯಲ್ಪಾಡಿನ ಕಡೆಯ ಒಂದು ಮಾವಿನ ಮಂಡಿಯಲ್ಲಿ. ಡಿಸೆಂಬರ್ ತಿಂಗಳು, ಹಣ್ಣಿನ ಕಾಲವಲ್ಲ. ಶೆಡ್ಡಿನ ತುಂಬ ಖಾಲಿ ಕ್ರೇಟುಗಳು ಮತ್ತು ಪಾರಿವಾಳ. ಕಥೆ ಇಷ್ಟು: ಗುಮಾಸ್ತ ಮಾಲು ಕದ್ದಿದ್ದಾನೆ ಎಂದು ಮಂಡಿಯ ಸಾಹುಕಾರನಿಗೆ ಅನುಮಾನ. ಕದ್ದಿರುವುದು ಸಾಹುಕಾರನ ಭಾವಮೈದುನ ಎಂದು ಗುಮಾಸ್ತನಿಗೆ ಗೊತ್ತು. ಆದರೂ ಸುಮ್ಮನಿದ್ದಾನೆ, ಯಾಕೆಂದರೆ ಸಾಹುಕಾರನ ಮೇಲೆ ಅವನಿಗೆ ಮನಸ್ಸು.

ಗುಮಾಸ್ತನ ಪಾರ್ಟು ವಂಶಿಯದು. ಇದು ಚಿತ್ರಗಳಲ್ಲಿ ಅವನ ಹೆಸರು. ರಾಯಲ್ಪಾಡು ಕಡೆಯ ತೆಲುಗು ಮನೆಯವನು, ಮಾಲೂರಿನ ಹತ್ತಿರದ ಕಾರ್ಖಾನೆಯೊಂದರಲ್ಲಿ ಸೂಪರ್‌ವೈಸರ್. ವಯಸ್ಸು ಇಪ್ಪತ್ತೆಂಟು. ಚಿತ್ರದಲ್ಲಿ ಅವನಿಗೆ ದಪ್ಪ ಮೀಸೆ, ಕನ್ನಡಕ; ಆ ವೇಷವಿಲ್ಲದೆ ಅವನು ಕ್ಯಾಮೆರಾ ಮುಂದೆ ಬಂದವನೇ ಅಲ್ಲ. ಸಾಹುಕಾರನಾಗಿ ಮುನಿರಾಜು, ಕೋಲಾರದ ಟೈಲ್ಸ್ ಕೆಲಸದವನು. ಆಳು ಎತ್ತರ, ಮನಸ್ಸು ಬೆಣ್ಣೆ. ಬೈಯಲು ಬಾರದು. ಹಿಂದಿನ ದಿನವೆಲ್ಲ ಮೇಷ್ಟ್ರು ಅವನನ್ನು ಕುರ್ಚಿಯಲ್ಲಿ ಕೂರಿಸಿ, ತಾವು ಎದುರಿಗೆ ಕೈಕಟ್ಟಿ ತಲೆ ಬಗ್ಗಿಸಿ ನಿಂತರು.

"ಬೈಯಪ್ಪ ನನ್ನ."

"ಆಗಲ್ಲ ಮೇಷ್ಟ್ರೇ. ನಮ್ಮಪ್ಪನ ವಯಸ್ಸು ನಿಮ್ದು."

"ಹಂಗಾದ್ರೆ ನಿಮ್ಮಪ್ಪನ್ನೇ ಬೈಯಿ. ಯಾವತ್ತೂ ಬೈಬೇಕು ಅನ್ಸಿಲ್ವಾ?"

ಮುನಿರಾಜು ನಕ್ಕುಬಿಟ್ಟ. ಆಮೇಲೆ ನಗು ನಿಂತಿತು. ಆಮೇಲೆ ಬೈದ. ನಿಜಕ್ಕೂ ಬೈದ. ಮೇಷ್ಟ್ರು ಕಣ್ಣು ಮುಚ್ಚಿ ಕೇಳಿಸಿಕೊಂಡರು, ಬೆರಳುಗಳು ತೊಡೆಯ ಮೇಲೆ ಆಡುತ್ತಿದ್ದವು.

ವಂಶಿಯ ಬಗ್ಗೆ ಮಾತ್ರ ಅವರಿಗೆ ತೃಪ್ತಿ ಇರಲಿಲ್ಲ. ಶೂಟಿಂಗ್ ದಿನ ಬೆಳಿಗ್ಗೆ ಹೇಳಿದರು: "ನೀನು ಭಯ ತೋರಿಸ್ತಿದ್ದೀಯ ವಂಶಿ. ಭಯ ಬೀಳ್ತಿಲ್ಲ." ಈ ಮಾತನ್ನು ಅವತ್ತೇ ಬರೆದುಕೊಂಡಿದ್ದೇನೆ. ಯಾವ ನಿರ್ದೇಶಕನಾದರೂ ಆಡಬಹುದಾದ ಮಾತು.

ಮಧ್ಯಾಹ್ನ ಕರೆಂಟ್ ಹೋಯಿತು. ಲೈಟಿನ ಹುಡುಗ ಊಟ ತರಲು ಶ್ರೀನಿವಾಸಪುರಕ್ಕೆ ಹೋಗಿದ್ದ. ಸಾಹುಕಾರ ಗುಮಾಸ್ತನನ್ನು ಮಂಚದ ಮೇಲೆ ಬೋರಲಾಗಿ ಒತ್ತಿ ಹಿಡಿದು ಕಳ್ಳತನ ಒಪ್ಪಿಕೋ ಎನ್ನುವ ದೃಶ್ಯ ಅರ್ಧಕ್ಕೆ ನಿಂತಿತ್ತು. ಲೈಟಿನ ಹುಡುಗ ಬರುವವರೆಗೆ ಕಾಯುವುದು ಬೇಡ ಎಂದು ಮೇಷ್ಟ್ರು ತಾವೇ ಮದುವೆ ಮೆರವಣಿಗೆಗೆ ಬಳಸುವ ಬ್ಯಾಟರಿಗಳನ್ನು ಲೈಟುಗಳ ಬೆನ್ನಿಗೆ ಕೂಡಿಸಿದರು. ಲೈಟು ಹತ್ತಿತು. ವಂಶಿ ಸ್ವಿಚ್ಚನ್ನು ಎಂದಿನಂತೆ ದಿಂಬಿನ ಕೆಳಗೆ ಹಿಡಿದು ಮಲಗಿದ. ಶಾಟ್ ಶುರುವಾಯಿತು.

ಬ್ಯಾಟರಿ ಬೆನ್ನಿಗೇ ಕೂತ ಲೈಟಿಗೆ ವೈರಿನ ಹಂಗಿಲ್ಲ. ವಂಶಿಯ ಕೈಯಲ್ಲಿದ್ದ ಸ್ವಿಚ್ಚು ಸತ್ತ ವೈರಿನ ತುದಿ. ಇದು ಅಲ್ಲಿದ್ದ ನಮ್ಮಲ್ಲಿ ಯಾರಿಗೂ ಹೊಳೆಯಲಿಲ್ಲ. ಮೇಷ್ಟ್ರಿಗೆ ಹೊಳೆದಿತ್ತೇ ಎಂಬುದೇ ನನ್ನ ಪ್ರಶ್ನೆ.

ಕ್ಯಾಮೆರಾದ ಹಿಂದೆ ಕೂತಿದ್ದ ನನಗೆ ಕಂಡದ್ದು ವಂಶಿಯ ಮುಖದ ಒಂದು ಪಕ್ಕ ಮಾತ್ರ. ಎಷ್ಟು ಚೆನ್ನಾಗಿ ಮಾಡುತ್ತಿದ್ದಾನೆ ಎಂದುಕೊಂಡೆ. "ಬಿಡಿ ಧಣಿ" ಎಂದ. ಆಮೇಲೆ ಮಾತೇ ಬರಲಿಲ್ಲ. ನಾಲ್ಕು ನಿಮಿಷದ ನಂತರ ಮೇಷ್ಟ್ರೇ "ಸಾಕು" ಎಂದರು.

ವಂಶಿ ಎದ್ದು ಕೂತ. ಕೆಮ್ಮಿದ. ದಿಂಬಿನ ಕೆಳಗಿಂದ ಸ್ವಿಚ್ಚು ಎಳೆದು, ನಮ್ಮೆಲ್ಲರ ಮುಖದ ಮುಂದೆ ಹಿಡಿದು ಒತ್ತಿದ. ಮತ್ತೆ ಒತ್ತಿದ. ಲೈಟುಗಳು ಹಾಗೆಯೇ ಉರಿಯುತ್ತಿದ್ದವು.

"ಒತ್ತುತಾನೇ ಇದ್ನಲ್ಲಯ್ಯಾ," ಎಂದ. "ಊಪಿರಿ ಆಡ್ಲಿಲ್ಲ ನನಗೆ. ಉಸಿರೇ ಆಡ್ಲಿಲ್ಲ. ಒತ್ತುತಾನೇ ಇದ್ದೆ."

ಮುನಿರಾಜು ಮಂಚದಿಂದ ಇಳಿದವನು ಕ್ರೇಟುಗಳ ಮೇಲೆ ಕುಸಿದ. "ಲೈಟು ಉರೀತಿತ್ತಲ್ಲೋ ವಂಶಿ. ನಾನು ಲೈಟನ್ನೇ ನೋಡ್ತಿದ್ದೆ ಕಣೋ. ಉರೀತಿತ್ತಲ್ಲೋ." ಶಾಟಿನ ಉದ್ದಕ್ಕೂ ಅವನ ಮೊಣಕಾಲು ವಂಶಿಯ ಬೆನ್ನ ಮೇಲಿತ್ತು. ಆ ಮೊಣಕಾಲನ್ನು ಎರಡೂ ಕೈಯಿಂದ ಹಿಡಿದುಕೊಂಡು ಅತ್ತ. ಅವನ ಪಾಲಿಗೆ ಅದೇ ಕೊನೆಯ ಚಿತ್ರ.

ಮೇಷ್ಟ್ರು ಬಂದು ಸ್ವಿಚ್ಚು ತೆಗೆದುಕೊಂಡರು. ವೈರನ್ನು ಕೈಯಲ್ಲಿ ಸವರುತ್ತಾ ಗೋಡೆಯವರೆಗೂ ಹೋದರು. ಕನ್ನಡಕ ತೆಗೆದು ಟವೆಲಿನಲ್ಲಿ ಒರೆಸಿದರು. ಮೊದಲು ಬಂದ ಮಾತು ಇದು:

"ಯಾವ ಡೈಲಾಗ್ ಹತ್ರ ಒತ್ತಿದೆ?"

"'ಚೀಲ ನಾನು ಎತ್ತಿಲ್ಲ ಧಣಿ' ಅಂದ್ನಲ್ಲ, ಆವಾಗ."

"ಲೆಕ್ಕದಯ್ಯ, ಬರ್ಕೋ."

ಬರೆದುಕೊಂಡೆ. ಆಮೇಲೆ ಅವರು ವಂಶಿಯ ಎದುರಿಗೆ ಹೋಗಿ ಕೈಕಟ್ಟಿ ತಲೆ ಬಗ್ಗಿಸಿ ನಿಂತು, "ತಪ್ಪಾಯ್ತು. ಬೈಯಪ್ಪ" ಎಂದರು. ಹಿಂದಿನ ದಿನ ಮುನಿರಾಜುವಿನ ಎದುರು ಅಭ್ಯಾಸಕ್ಕೆ ನಿಂತ ಭಂಗಿಯೇ. ಪಶ್ಚಾತ್ತಾಪವಿದ್ದವರಿಗೆ ಬೇರೆ ಭಂಗಿ ಇದೆಯೇ ಎಂದು ಯಾರಾದರೂ ಕೇಳಬಹುದು. ಇಲ್ಲದಿರಬಹುದು. ವಂಶಿ ಬೈಯಲಿಲ್ಲ. ಪುರಿ ಡಬ್ಬದಿಂದ ತನ್ನ ಫೋನು ತೆಗೆದುಕೊಂಡು ಹೊರಟುಹೋದ.

ಆ ಮೊದಲ ಪ್ರಶ್ನೆಯನ್ನು ನಾನು ಎಷ್ಟು ಸಲ ತಿರುಗಿಸಿ ನೋಡಿದ್ದೇನೋ. ಎಲ್ಲಿಂದ ಕತ್ತರಿಸಬೇಕು ಎಂದು ತಿಳಿಯಲು ಕೇಳಿದರೇ? ಅಥವಾ ನಿಜವಾದ ಭಯ ಎಲ್ಲಿಂದ ಶುರುವಾಯಿತು ಎಂದು ತಿಳಿಯಲೇ?

ವಾರ ಕಳೆದು ಆ್ಯಪಿನವನು ಮುಳಬಾಗಿಲಿನ ಅಂಗಡಿಗೆ ಬಂದ. ನಾನು ಬಟ್ಟೆಯ ಪರದೆಯ ಆಚೆ ಒಂದು ಸೀಮಂತದ ವಿಡಿಯೋ ಕತ್ತರಿಸುತ್ತಿದ್ದೆ. ಮೇಷ್ಟ್ರ ಲ್ಯಾಪ್‌ಟಾಪಿನಲ್ಲಿ ಅವನು ಆ ದಿನದ ಶಾಟುಗಳನ್ನು ನೋಡಿದ. ಆ ನಾಲ್ಕು ನಿಮಿಷವನ್ನು ಎರಡು ಸಲ ನೋಡಿದ.

"ಗುರುಗಳೇ, ಇದು ಆ್ಯಕ್ಟಿಂಗ್."

"ಅದು ಆ್ಯಕ್ಟಿಂಗ್ ಅಲ್ಲ."

"ಅಲ್ಲ ಅಂತ ಗೊತ್ತಾಗ್ತಿದೆ, ಅದಕ್ಕೇ ಬೇಕು. ಇದನ್ನ ಮುಟ್ಟಬೇಡಿ, ಹಂಗೇ ಹಾಕಿ."

ಲ್ಯಾಪ್‌ಟಾಪ್ ಮುಚ್ಚಿದ ಸದ್ದು ಕೇಳಿತು. ಆಮೇಲೆ ಮೇಷ್ಟ್ರು "ನೋಡೋಣ" ಎಂದರು. ಒಪ್ಪಿಕೊಂಡಾಗಲೂ ಅವರು ನೋಡೋಣ ಎನ್ನುತ್ತಿದ್ದರು, ಒಪ್ಪದಿದ್ದಾಗಲೂ. ಪರದೆಯ ಆಚೆಗೆ ಅವರ ಮುಖ ಕಾಣುತ್ತಿರಲಿಲ್ಲ.

ಚಿತ್ರ ಆ್ಯಪಿನಲ್ಲಿ ಬಂತು. ನಾನು ಮನೆಯ ಮಹಡಿಯ ಮೇಲೆ ಕೂತು ನೋಡಿದೆ. 'ಚೀಲ ನಾನು ಎತ್ತಿಲ್ಲ ಧಣಿ' ಎಂದ ತಕ್ಷಣ ಪರದೆ ಕಪ್ಪಾಯಿತು. ವಂಶಿ ಒತ್ತಿದಾಗ ಆರಬೇಕಿದ್ದ ದೀಪವನ್ನು ಮೇಷ್ಟ್ರು ಎಡಿಟಿಂಗಿನಲ್ಲಿ ಆರಿಸಿದ್ದರು. ಮಾತಿಲ್ಲ, ಉಸಿರಿನ ಸದ್ದಿಲ್ಲ, ಶೆಡ್ಡಿನ ಪಾರಿವಾಳಗಳ ಗುಟುರು ಮಾತ್ರ. ನಾಲ್ಕು ನಿಮಿಷವೂ ಕತ್ತಲೆ. ಬೆಳಕು ಬಂದಾಗ ಕುರ್ಚಿಯಲ್ಲಿ ಗುಮಾಸ್ತ ಕೂತಿದ್ದಾನೆ, ಸಾಹುಕಾರ ನಿಂತಿದ್ದಾನೆ. ಆ ಶಾಟು ಬೆಳಿಗ್ಗೆಯೇ ತೆಗೆದಿಟ್ಟಿದ್ದು.

ನನ್ನ ಕಣ್ಣಲ್ಲಿ ನೀರು ಬಂತು ಎಂದು ದಿನಚರಿಯಲ್ಲಿದೆ. ಮರುದಿನದ ಪುಟದಲ್ಲಿ ಇನ್ನೊಂದು ಸಂಗತಿ ಇದೆ. ನೋಡಿದವರು ಆ್ಯಪಿನಲ್ಲಿ ಬರೆದಿದ್ದ ಅಭಿಪ್ರಾಯಗಳನ್ನು ಮೇಷ್ಟ್ರು ನನ್ನಿಂದ ಓದಿಸಿಕೊಂಡರು. ಕೆಲವರು ಬೈದಿದ್ದರು. ಹೆಚ್ಚಿನವರು ಆ ಕತ್ತಲೆಯನ್ನೇ ಹೊಗಳಿದ್ದರು, ಇಂಥದ್ದನ್ನು ಎಲ್ಲೂ ನೋಡಿಲ್ಲ ಎಂದು. ಮೇಷ್ಟ್ರು ಕಣ್ಣು ಮುಚ್ಚಿ ಕೇಳುತ್ತಿದ್ದರು. ತೊಡೆಯ ಮೇಲೆ ಬೆರಳು ಆಡುತ್ತಿತ್ತು.

ಅದೇ ಸಂಜೆ ವಂಶಿಗೆ ಫೋನು ಮಾಡಿ ಹೇಳಿದೆ. ಅವನೂ ನೋಡಿದ್ದ.

"ಕತ್ತಲೆ ಸರಿ ತಮ್ಮುಡು," ಎಂದ. "ಬೆಳಕಿರೋದು ಎಲ್ಲೈತೆ?"

ಕಪ್ಪು ಮಾಡದ ಮೂಲ ವಿಡಿಯೋ ಇನ್ನೂ ಎಲ್ಲೋ ಇರಬೇಕು ಎಂಬುದು ನನಗೆ ಹೊಳೆದಿರಲಿಲ್ಲ. ಆ ನಾಲ್ಕು ನಿಮಿಷದಲ್ಲಿ ಅವನ ಅಂಟಿಸಿದ ಮೀಸೆ ಕಿತ್ತು ಬಂದಿತ್ತು, ಕನ್ನಡಕ ಬಿದ್ದಿತ್ತು. ಇದನ್ನೂ ನಾನೇ ಬರೆದುಕೊಂಡಿದ್ದೆ, ಮುಂದಿನ ಶಾಟಿಗೆ ಸರಿಮಾಡಲು. ಅಲ್ಲಿರುವುದು ಗುಮಾಸ್ತನ ಮುಖವಲ್ಲ. ಕಾರ್ಖಾನೆಯಲ್ಲಿ ಮೂವತ್ತು ಜನಕ್ಕೆ ದಿನಾ ಬೆಳಿಗ್ಗೆ ಕೆಲಸ ಹಂಚುವವನ, ಮನೆಯಲ್ಲಿ ಅಣ್ಣನ ಮಕ್ಕಳನ್ನು ಎತ್ತಿಕೊಳ್ಳುವವನ ಮುಖ. ಉಸಿರಿಗೆ ಒದ್ದಾಡುತ್ತಿರುವ ಮುಖ.

ಭಾನುವಾರ ವಂಶಿ ಅಂಗಡಿಗೆ ಬಂದು ಆ ದಿನದ ಕ್ಯಾಮೆರಾದ ಮೆಮೊರಿ ಕಾರ್ಡು ಕೇಳಿದ. ಮೇಷ್ಟ್ರು ಅವನನ್ನೂ ನನ್ನನ್ನೂ ಮನೆಯ ಹಿತ್ತಲಿಗೆ ಕರೆದೊಯ್ದು, ಸ್ನಾನದ ಹಂಡೆಯ ಒಲೆಯ ಬೂದಿ ಕೆದಕಿ, ಕರಗಿ ಗಟ್ಟಿಯಾಗಿದ್ದ ಒಂದು ಕಪ್ಪು ತುಣುಕು ತೆಗೆದು ಅವನ ಅಂಗೈಯಲ್ಲಿಟ್ಟರು. ಕಾರ್ಡಿನ ಪೆಟ್ಟಿಗೆಯಲ್ಲಿ ಒಂದು ಮನೆ ಖಾಲಿ ಇದ್ದದ್ದನ್ನು ನಾನು ಮೊದಲೇ ನೋಡಿದ್ದೆ.

"ಇದೇ ಅಂತ ಹೆಂಗ್ ನಂಬ್ಲಿ ಮೇಷ್ಟ್ರೇ? ಲ್ಯಾಪ್‌ಟಾಪಲ್ಲಿ ಇಲ್ಲ ಅಂತ ಹೆಂಗ್ ನಂಬ್ಲಿ?"

"ನಂಬ್ಬೇಡ," ಎಂದರು ಮೇಷ್ಟ್ರು. "ನನ್ನ ಯಾವತ್ತೂ ನಂಬ್ಬೇಡ. ನಂಬಬಾರದು ಅಂತಾನೇ ನಿಂಗೆ ಸ್ವಿಚ್ಚು ಕೊಟ್ಟಿದ್ದು."

ವಂಶಿ ಆ ತುಣುಕನ್ನು ಜೇಬಿಗೆ ಹಾಕಿಕೊಂಡ. ಲ್ಯಾಪ್‌ಟಾಪ್ ತೆರೆದು ತೋರಿಸಿ ಎಂದು ಅವನು ಕೇಳಲಿಲ್ಲ. ಕೇಳಿದ್ದರೆ ತೋರಿಸುತ್ತಿದ್ದರೇನೋ. ತಾವಾಗಿ ತೋರಿಸಲಿಲ್ಲ ಎಂಬುದಂತೂ ಖಚಿತ.

ಆಮೇಲೆ ಮೇಷ್ಟ್ರು ಅಂಥ ಚಿತ್ರ ತೆಗೆಯಲಿಲ್ಲ. ಯಾಕೆಂದು ಕೇಳಿದಾಗ "ಅವ್ನು ಕೊಡೋದು ಏತಕ್ಕೂ ಸಾಲಲ್ಲ" ಎಂದರು. ಆ್ಯಪಿನವನನ್ನು ಕೇಳಿದರೆ "ನಿಮ್ಮ ಗುರುಗಳೇ ಒಲ್ಲೆ ಅಂದ್ರು" ಎಂದ. ಇಬ್ಬರಲ್ಲಿ ಒಬ್ಬರು ಸುಳ್ಳು. ಸುಳ್ಳು ಮೇಷ್ಟ್ರದೇ ಆಗಿದ್ದರೆ, ಅದು ತಮಗೆ ಗೌರವ ತರುವ ಸಂಗತಿಯನ್ನೇ ಮುಚ್ಚಿಡುವ ಸುಳ್ಳು. ಅಂಥ ಸುಳ್ಳನ್ನು ಯಾಕೆ ಹೇಳುತ್ತಾರೆ ಎಂದು ನನಗೆ ಅರ್ಥವಾಗುವುದಿಲ್ಲ. ಕೆಲವು ತಿಂಗಳಲ್ಲಿ ಆ್ಯಪ್ ಮುಚ್ಚಿತು. ಬೆಂಗಳೂರಿನವನ ಫೋನು ಈಗ ಹತ್ತುವುದಿಲ್ಲ.

ಮೇ ಕೊನೆಯಲ್ಲಿ ಮೇಷ್ಟ್ರಿಗೆ ಎದೆನೋವು ಬಂದು ಕೋಲಾರದ ಆಸ್ಪತ್ರೆಗೆ ಸೇರಿಸಿದರು. ನಾಲ್ಕನೆಯ ದಿನ ಹೋದರು. ಮಣ್ಣಿಗೆ ನಾನು ಹೋಗಿದ್ದೆ. ಆವನಿ ಕಡೆಯ ಹಳೆಯ ರಾಜರೆಲ್ಲ ಬಂದಿದ್ದರು, ಒಬ್ಬರು ಹಾರ್ಮೋನಿಯಂ ಇಟ್ಟುಕೊಂಡು ನಾಟಕದ ಕಂದಪದ್ಯ ಹಾಡಿದರು. ಮುನಿರಾಜು ದೂರದಲ್ಲಿ ನಿಂತಿದ್ದ. ವಂಶಿ ಬರಲಿಲ್ಲ, ಸಂಜೆ ಫೋನು ಮಾಡಿದ.

"ಮಣ್ಣಾಯ್ತಾ?"

"ಆಯ್ತು."

"ಒಳ್ಳೆ ಮನುಷ್ಯ ಅಂತೀಯಾ?"

ಉತ್ತರಕ್ಕೆ ಅವನು ಕಾಯಲಿಲ್ಲ. "ಲ್ಯಾಪ್‌ಟಾಪ್ ಎಲ್ಲೈತೆ ಕೇಳು ತಮ್ಮುಡು. ಅದೊಂದು ಕೇಳು ನನಗೋಸ್ಕರ. ನಿದ್ದೆ ಬರ್ತಿಲ್ಲ."

ಹನ್ನೊಂದನೆಯ ದಿನದ ಊಟಕ್ಕೆ ಹೋದಾಗ ಕೇಳಿದೆ. ಮೇಷ್ಟ್ರ ಹೆಂಡತಿ ಅಮ್ಮನವರ ಹತ್ತಿರ ಕೇಳುವಂತಿರಲಿಲ್ಲ. ಅವರು ನನಗೆ ಎರಡು ಸಲ ಪಾಯಸ ಬಡಿಸಿ, "ನಿನ್ ಹೆಸ್ರು ಭಾಳ ಹೇಳ್ತಿದ್ರಪ್ಪ" ಎಂದರು. ಮೇಷ್ಟ್ರ ತಂಗಿಯ ಮಗನನ್ನು ಪಕ್ಕಕ್ಕೆ ಕರೆದೆ.

"ಲ್ಯಾಪ್‌ಟಾಪಾ? ಆಸ್ಪತ್ರೆಗೆ ಸೇರಿಸ್ದಾಗ್ಲೇ ಕೊಟ್ಬಿಟ್ವಿ, ಕೋಲಾರದಾಗೆ ಒಂದು ಸೆಕೆಂಡ್ ಹ್ಯಾಂಡ್ ಅಂಗಡಿಗೆ. ಯಾಕಣ್ಣ, ನಿನ್ ಮದ್ವೆ ವಿಡಿಯೋ ಇತ್ತಾ ಅದ್ರಾಗೆ?"

"ಅಳಿಸಿ ಕೊಟ್ರಾ?"

"ಏನು ಅಳಿಸೋದು? ಮಾಮ ಅವ್ರೇ ಹೇಳಿದ್ರು, ಅದ್ರಾಗೆ ಏನೂ ಇಲ್ಲ, ಕೊಟ್ಬಿಡು ಅಂತ."

ಆಸ್ಪತ್ರೆಯ ಮಂಚದ ಮೇಲೆ ಮಲಗಿ ಅವರು ಹೇಳಿದ ಆ ಮಾತು ನಿಜವೇ, ಮರೆವೇ, 'ನೋಡೋಣ' ಎಂಬಂಥ ಇನ್ನೊಂದು ಮಾತೇ? ಅಂಗಡಿ ಹುಡುಕಿ ಹೋದೆ. ಅಂಗಡಿಯವನು ಅದನ್ನು ಆಗಲೇ ಮಾರಿದ್ದ. ಕೊಂಡವರು ಯಾರು ಎಂದು ಅವನಿಗೆ ನೆನಪಿಲ್ಲ, ಶ್ರೀನಿವಾಸಪುರದ ಕಡೆಯವರಿರಬೇಕು ಎಂದ.

ಆದ್ದರಿಂದ ಇದನ್ನು ಬರೆಯುತ್ತಿದ್ದೇನೆ. ಆ ಲ್ಯಾಪ್‌ಟಾಪ್ ನಿಮ್ಮ ಮನೆಗೆ ಬಂದಿದ್ದರೆ, ಮಾವಿನ ಮಂಡಿಯ ಮಂಚವೊಂದರ ದೃಶ್ಯ ನಿಮ್ಮ ಕಣ್ಣಿಗೆ ಬಿದ್ದಿದ್ದರೆ, ದಯವಿಟ್ಟು ಈ ಪತ್ರಿಕೆಗೆ ಬರೆಯಿರಿ, ನನಗೆ ತಲುಪುತ್ತದೆ. ಹೆಸರು ಬೇಡ. ಆ ವಿಡಿಯೋ ತುಣುಕನ್ನು ನನಗೂ ಕಳಿಸಬೇಡಿ, ಯಾರಿಗೂ ಕಳಿಸಬೇಡಿ, ಅಳಿಸಿಬಿಡಿ. ಆ ಯಂತ್ರ ನಿಮ್ಮ ಕೈಗೆ ಬಂದು ಅದರಲ್ಲಿ ಏನೂ ಇರದಿದ್ದರೆ ಅದನ್ನೂ ಬರೆಯಿರಿ. ಒಂದು ಅಂಚೆ ಕಾರ್ಡಿನಲ್ಲಿ 'ಇಲ್ಲ' ಎಂಬ ಒಂದೇ ಮಾತಾದರೂ ಸಾಕು. ಮೇಷ್ಟ್ರು ಎಂಥವರೆಂದು ನನಗೆ ಆಗಲೂ ಪೂರ್ತಿ ತಿಳಿಯಲಾರದು. ವಂಶಿ ಮಾತ್ರ ಅವತ್ತು ರಾತ್ರಿ ನಿದ್ದೆ ಮಾಡುತ್ತಾನೆ.